ಊಟದಲ್ಲಿ ನೀರು ಕುಡಿಯದವಳ ಉಜ್ಬೇಕ್ ಪ್ರವಾಸ

ಬನಹಟ್ಟಿ, ಹೊರಡುವ ಮುನ್ನ

ನಾನು ಕೈಮಗ್ಗದ ಮೇಲೆ ಸೀರೆ ನೇಯುವವಳು. ನಮ್ಮ ಓಣಿಯಲ್ಲಿ ಈಗ ಕೈಮಗ್ಗ ಅಂತ ಉಳಿದಿರುವುದು ನಮ್ಮದೊಂದೇ, ಉಳಿದ ಮನೆಗಳಲ್ಲೆಲ್ಲ ಪವರ್‌ಲೂಮಿನ ಖಟಪಟ. ನೇಕಾರರ ಸಂಘವೊಂದು ಒಬ್ಬ ನೇಕಾರ ಹೆಣ್ಣುಮಗಳನ್ನು ಹತ್ತು ದಿನ ಉಜ್ಬೇಕಿಸ್ತಾನದ ಮಾರ್ಗಿಲಾನ್ ಎಂಬ ಊರಿಗೆ ಕಳಿಸುತ್ತದೆ, ಅಲ್ಲಿಯ ರೇಷ್ಮೆ ನೇಕಾರರ ಮನೆಯಲ್ಲಿದ್ದು ಅವರ ಕೆಲಸ ನೋಡಿ ನಮ್ಮ ಕೆಲಸ ತೋರಿಸಿ ಬರಬೇಕು ಎಂದಾಗ ನನ್ನ ಹೆಸರು ಬಂತು. ಜೊತೆಗೆ ಮನೆಯವರೊಬ್ಬರು ಬರಬಹುದು ಎಂದರು. ಹಾಗೆ ನಮ್ಮ ಯಜಮಾನರು ನನ್ನ ಜೊತೆಯವರಾಗಿ ಹೊರಟರು. ಅಲ್ಲಿಯವರೆಗೆ ಎಲ್ಲಿ ಹೋದರೂ ನಾನೇ ಅವರ ಹಿಂದೆ. ಈ ಸಲ ಕಾಗದದಲ್ಲಿ ನನ್ನ ಹೆಸರು ಮೇಲೆ, ಅವರದು ಕೆಳಗೆ. ಅವರು ಅದನ್ನು ಎರಡು ಸಲ ಓದಿದರು, ಕನ್ನಡಕ ಒರೆಸಿಕೊಂಡು ಮೂರನೆಯ ಸಲ ಓದಿದರು.

ಅವರು ರಬಕವಿಯ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸಿ ನಿವೃತ್ತರಾದವರು. ಊರಿಗೆಲ್ಲ ಮಾಸ್ತರರು, ನಾನೂ ಇಲ್ಲಿ ಹಾಗೆಯೇ ಕರೆಯುತ್ತೇನೆ. ಮಾಸ್ತರರಿಗೆ ಎಲೆ ಅಡಿಕೆ ಇಲ್ಲ, ಬೀಡಿ ಇಲ್ಲ, ಜಗಳ ಇಲ್ಲ. ಇರುವುದು ಒಂದೇ ಹಟ: ಉಣ್ಣುವಾಗ ನೀರು ಕುಡಿಯಬಾರದು. ಹೊಟ್ಟೆಯಲ್ಲಿರುವುದು ಒಲೆ, ಉರಿಯುವ ಒಲೆಗೆ ನೀರು ಸುರಿದರೆ ಅಡುಗೆ ಬೇಯುತ್ತದೆಯೇ ಎಂದು ಕೇಳುತ್ತಾರೆ. ಊಟಕ್ಕೆ ಒಂದು ತಾಸು ಮೊದಲು ಕುಡಿಯಬಹುದು, ಊಟವಾಗಿ ಒಂದು ತಾಸಿನ ಮೇಲೆ ಕುಡಿಯಬಹುದು, ನಡುವೆ ಒಂದು ಹನಿಯೂ ಇಲ್ಲ. ಮಜ್ಜಿಗೆಗೆ ಮಾತ್ರ ವಿನಾಯಿತಿ. ಅದನ್ನು ಕುಡಿಯುವುದಲ್ಲ, ಉಣ್ಣುವುದು ಎಂದು ಅವರದೇ ಒಂದು ಕಾಯಿದೆ.

ಒಮ್ಮೆ ಬೀಳಗಿಯ ಮದುವೆಯೊಂದರಲ್ಲಿ ಊಟದ ಪಂಕ್ತಿಯುದ್ದಕ್ಕೂ ನಡೆದು ಎಲ್ಲರ ಲೋಟ ಬೋರಲು ಹಾಕಿ ಬಂದಿದ್ದರು. ಮದುಮಗಳ ಸೋದರಮಾವ ಸಿಟ್ಟಿಗೆದ್ದು ಇಡೀ ತಂಬಿಗೆ ನೀರನ್ನು ಅವರ ಮುಂದೆಯೇ ಗಟಗಟ ಕುಡಿದು ತೋರಿಸಿದ. "ನಾಳೆ ಮುಂಜಾನಿ ಗೊತ್ತಾಕ್ಕೈತಿ ತಮ್ಮಾ" ಎಂದು ಹೇಳಿ ಮಾಸ್ತರರು ಕೈತೊಳೆದರು. ನಮ್ಮ ಮಗಳು ಮುಧೋಳಕ್ಕೆ ಮದುವೆಯಾಗಿ ಹೋದವಳು ಗಂಡನ ಮನೆಯ ಮೊದಲ ಊಟಕ್ಕೇ ಎರಡು ಲೋಟ ನೀರು ಇಟ್ಟುಕೊಂಡು ಕೂತಳಂತೆ. ಈ ಸುದ್ದಿಯನ್ನು ನಾನು ಅವರಿಗೆ ಇನ್ನೂ ಹೇಳಿಲ್ಲ.

ನಿವೃತ್ತಿಯಾದ ಮೇಲೆ ಅವರು ಈ ವಿಷಯದ ಮೇಲೊಂದು ಚಿಕ್ಕ ಪುಸ್ತಕ ಬರೆದರು. ಜಮಖಂಡಿಯ ಅಚ್ಚಿನ ಮನೆಯವರು ಪ್ರೂಫ್ ಕಳಿಸಿದ್ದರು, ಪ್ರವಾಸದಲ್ಲಿ ತಿದ್ದಿ ಬಂದ ಕೂಡಲೇ ಅಚ್ಚಿಗೆ ಕೊಡುವುದೆಂದು ಅದನ್ನು ಚೀಲದಲ್ಲಿ ಇಟ್ಟುಕೊಂಡರು. ಅದರ ಹನ್ನೊಂದನೆಯ ಪುಟದಲ್ಲಿ ಹೀಗಿತ್ತು: "ನನ್ನ ಧರ್ಮಪತ್ನಿಯು ಕಳೆದ ಮೂವತ್ತೊಂದು ವರ್ಷಗಳಿಂದ ಊಟದ ನಡುವೆ ಒಂದು ಹನಿ ನೀರನ್ನೂ ಸೇವಿಸಿರುವುದಿಲ್ಲ. ಆಕೆಗೆ ಒಂದು ದಿನವೂ ಅಜೀರ್ಣವಾದದ್ದಿಲ್ಲ."

ಎರಡನೆಯ ಮಾತು ನಿಜ. ಮೊದಲನೆಯದು ಶುದ್ಧ ಸುಳ್ಳು.

ನಾನು ಕುಡಿಯುತ್ತೇನೆ. ಮದುವೆಯಾದ ಹೊಸದರಲ್ಲಿ ಮೂರು ದಿನ ಅವರ ಮಾತು ಕೇಳಿ ನೋಡಿದೆ. ಜೋಳದ ರೊಟ್ಟಿ, ಶೇಂಗಾ ಚಟ್ನಿ, ಮೇಲೊಂದು ಕೆಂಪು ಖಾರ. ಒಂದು ಗುಟುಕು ನೀರಿಲ್ಲದೆ ಇವು ಇಳಿಯುವುದು ಹೇಗೆ? ನಾಲ್ಕನೆಯ ದಿನದಿಂದ ಅವರು ಉಂಡು ಮನೆ ಮುಂದಿನ ಕಟ್ಟೆಗೆ ಹೋದ ಮೇಲೆ ಅಡುಗೆಮನೆಯಲ್ಲಿ ಒಂದು ಚರಗಿ ತುಂಬ ನೀರು ಇಟ್ಟುಕೊಂಡೇ ಉಂಡೆ. ಬಿಸಿ ರೊಟ್ಟಿ ಬಡಿದು ಹಾಕುವವಳು ಜೊತೆಗೆ ಕೂತು ಉಣ್ಣುವುದು ನಮ್ಮ ಕಡೆ ಎಲ್ಲಿದೆ? ಹಾಗಾಗಿ ಅವರಿಗೆ ಗೊತ್ತಾಗಲೇ ಇಲ್ಲ. ಮೊದಲ ವರ್ಷ ಹೇಳಲು ಹೆದರಿಕೆ ಇತ್ತು. ಆಮೇಲೆ ರೂಢಿಯಾಯಿತು. ಅಷ್ಟರಲ್ಲಿ ಅವರು "ನಮ್ಮಾಕಿನ್ನ ನೋಡ್ರಿ" ಎಂದು ನಾಲ್ಕು ತಾಲ್ಲೂಕಿಗೆ ನನ್ನನ್ನು ಸಾಕ್ಷಿ ಹಾಕಿಬಿಟ್ಟಿದ್ದರು. ಈಗ ಅಚ್ಚಿನಲ್ಲೇ ಬರುತ್ತದೆ ಎಂದಾಗ ನನಗೆ ನಿದ್ದೆ ಹಾರಿಹೋಯಿತು. ಪುಸ್ತಕ ಅಚ್ಚಾಗುವುದರೊಳಗೆ ಹೇಳಲೇಬೇಕು. ಅದಕ್ಕಿಂತ ಮೊದಲು ಹತ್ತು ದಿನ ಅವರ ಎದುರಿಗೇ ಕೂತು ಉಣ್ಣಬೇಕು, ಅಲ್ಲಿ ನನಗೆ ಅಡುಗೆಮನೆ ಇರುವುದಿಲ್ಲ.

ದಿಲ್ಲಿಯ ಆಚೆ, ಮೋಡದ ಮೇಲೆ

ವಿಮಾನದಲ್ಲಿ ತಟ್ಟೆ ಕೊಟ್ಟರು. ಒಂದು ಬನ್ನು, ಸ್ವಲ್ಪ ಅನ್ನ, ಬಟಾಣಿ, ಮೂಲೆಯಲ್ಲಿ ಕಾಗದದ ಮುಚ್ಚಳ ಅಂಟಿಸಿದ ಪುಟ್ಟ ನೀರಿನ ಡಬ್ಬಿ. ಮಾಸ್ತರರು ನನ್ನ ಡಬ್ಬಿಯನ್ನೂ ತಮ್ಮ ಡಬ್ಬಿಯನ್ನೂ ಎತ್ತಿ ಮುಂದಿನ ಸೀಟಿನ ಜೇಬಿನಲ್ಲಿಟ್ಟರು. "ಒಂದು ತಾಸಿನ ಮ್ಯಾಲ" ಎಂದರು.

ಬನ್ನಿನ ಎರಡನೆಯ ತುತ್ತಿಗೆ ನನಗೆ ಬಿಕ್ಕಳಿಕೆ ಹತ್ತಿತು.

"ಯಾರೋ ನೆನಸಾಕತ್ತಾರ ನೋಡು" ಎಂದರು ಮಾಸ್ತರರು, ಪ್ರೂಫಿನಿಂದ ತಲೆ ಎತ್ತದೆ. "ಮಗಳ ಇರಬೇಕು."

"ಭಾಳ ಜನಾ ನೆನಸಾಕತ್ತಾರ್ರಿ" ಎಂದು ನಾನು ಎದ್ದೆ. ಪಾಯಖಾನೆಗೆ ಹೋಗುವವಳಂತೆ ಹಿಂದೆ ಹೋದರೆ ಅಲ್ಲಿ ಪರದೆಯ ಮರೆಯಲ್ಲಿ ಪರಿಚಾರಿಕೆಯರು ತಟ್ಟೆ ಜೋಡಿಸುವ ಜಾಗ. ಬಿಕ್ಕುತ್ತಲೇ ಹೆಬ್ಬೆರಳು ಬಾಯಿಗೆ ತೋರಿಸಿದೆ. ಅಲ್ಲಿದ್ದ ಹುಡುಗಿ ಎರಡು ಲೋಟ ನೀರು ಕೊಟ್ಟಳು. ವಿಮಾನದಲ್ಲಿಯೂ ನನಗೆ ಅಡುಗೆಮನೆಯೇ ಗತಿಯಾಯಿತಲ್ಲ ಎಂದು ನಗು ಬಂತು. ಅವಳೂ ಏನೆಂದು ತಿಳಿಯದೆ ನಕ್ಕಳು.

ತಾಷ್ಕೆಂಟಿನಿಂದ ರೈಲಿನಲ್ಲಿ

ನಮ್ಮನ್ನು ಕರೆದೊಯ್ಯಲು ನಿಲೂಫರ್ ಎಂಬ ಹುಡುಗಿ ಬಂದಿದ್ದಳು. ಕಾಲೇಜಿನಲ್ಲಿ ಹಿಂದಿ ಓದಿದವಳು, ಹತ್ತು ದಿನವೂ ನಮಗೂ ಅವರಿಗೂ ನಡುವೆ ನಿಂತು ಮಾತು ದಾಟಿಸಿದವಳು. ಅವಳ ಹಿಂದಿ ರೇಡಿಯೋ ವಾರ್ತೆಯ ಹಿಂದಿ. ನನ್ನದು ವಿಜಾಪುರದ ಬಸ್‌ಸ್ಟ್ಯಾಂಡಿನ ಹಿಂದಿ. ನನಗೆ ಬೇಕು ಎನ್ನಲು ನಾನು "ಮೇರೆಕು ಹೋನಾ" ಎಂದಾಗಲೆಲ್ಲ ಅವಳು ಕಣ್ಣು ಅಗಲಿಸಿ ಒಂದು ಪುಸ್ತಕದಲ್ಲಿ ಬರೆದುಕೊಳ್ಳುತ್ತಿದ್ದಳು.

ಬೆಟ್ಟದ ನಡುವೆ ರೈಲು ಹೋಗುವಾಗ ಅವಳು ಕುಂಬಳಕಾಯಿ ತುಂಬಿದ ಸಮೋಸಾದಂಥದ್ದನ್ನು ಬಿಚ್ಚಿದಳು. ನಾವು ಮಾಂಸ ತಿನ್ನುವವರಲ್ಲ ಎಂದು ತಿಳಿದು ಬೇರೆಯಾಗಿ ಮಾಡಿಸಿ ತಂದಿದ್ದಳು. ಜೊತೆಗೆ ಬಿಸಿ ಹಸಿರು ಚಹಾ, ಹಾಲಿಲ್ಲ, ಸಕ್ಕರೆಯಿಲ್ಲ. ಇಲ್ಲಿ ಊಟವೆಂದರೆ ಚಹಾ ಇರಲೇಬೇಕು ಎಂದಳು. ಮಾಸ್ತರರು ಒಲೆಯ ಉದಾಹರಣೆ ಸುರು ಮಾಡಿದರು. ಅವಳು ಗುರುಗಳ ಮಾತನ್ನು ಕೇಳುವ ರೀತಿಯಲ್ಲಿ ಎದೆಯ ಮೇಲೆ ಕೈಯಿಟ್ಟು ಕೇಳಿದಳು, ಕೇಳುತ್ತ ಕೇಳುತ್ತ ಮೂರು ಬಟ್ಟಲು ಚಹಾ ಕುಡಿದಳು. ನನ್ನ ಬಟ್ಟಲು ಎದುರಿಗೇ ಆವಿಯಾಡುತ್ತಿತ್ತು. ಅವರು ಕಿಟಕಿಯ ಹೊರಗಿನ ಹಿಮ ನೋಡಲು ತಿರುಗಿದಾಗ ಒಂದೇ ಗುಟುಕಿಗೆ ಎತ್ತಿಬಿಟ್ಟೆ. ನಮ್ಮ ಕಡೆ ತುಟಿಗೆ ತಾಗಿಸದೆ ಎತ್ತಿ ಕುಡಿಯುವ ರೂಢಿ ನೋಡಿ, ಕೈ ತಾನೇ ಮೇಲೆ ಹೋಯಿತು. ಸುಡುವ ಚಹಾ ನೇರ ಕಿರುನಾಲಿಗೆಗೆ ಬಿತ್ತು. ಹಿಮ ಕಂಡು ಕಣ್ಣಲ್ಲಿ ನೀರು ಬಂತೇನು ಎಂದು ಮಾಸ್ತರರು ಕೇಳಿದರು. ಹೌದು ಎಂದೆ.

ಮಾರ್ಗಿಲಾನ್, ಮೊದಲ ಮಧ್ಯಾಹ್ನ

ನಾವು ಉಳಿದದ್ದು ಮಾವ್ಲುದಾ ಎಂಬ ನೇಕಾರ ಹೆಂಗಸಿನ ಮನೆಯಲ್ಲಿ. ನನ್ನದೇ ವಯಸ್ಸು, ಚಿನ್ನದ ಎರಡು ಹಲ್ಲು, ಬಲಗೈಯ ತೋರುಬೆರಳಿನಲ್ಲಿ ನನಗಿರುವ ಜಾಗದಲ್ಲೇ ನೂಲಿನ ಗೀರು. ಅದನ್ನು ನೋಡಿ ಇಬ್ಬರೂ ಕೈ ಕೈ ಹಿಡಿದು ತಿರುಗಿಸಿ ನೋಡಿಕೊಂಡೆವು. ಭಾಷೆ ಬೇಕಾಗಲಿಲ್ಲ. ಅವರು ಹಾಸನ್ನು, ಅಂದರೆ ಉದ್ದಕ್ಕೆ ಹಾಯುವ ನೂಲನ್ನು, ಮಗ್ಗಕ್ಕೆ ಹಾಕುವ ಮೊದಲೇ ಕಟ್ಟಿ ಕಟ್ಟಿ ಬಣ್ಣದಲ್ಲಿ ಅದ್ದುತ್ತಾರೆ, ನೇಯುತ್ತ ಹೋದಂತೆ ಬಣ್ಣಗಳು ಅಂಚಿನಲ್ಲಿ ಒಂದರೊಳಗೊಂದು ಹರಿದಂತೆ ಕಾಣುತ್ತವೆ. ನಾನು ನಮ್ಮ ಸೀರೆಯಂಚಿನ ದಡಿಯ ಕೆಲಸ ತೋರಿಸಿದಾಗ ಅವಳು ಅದನ್ನು ಕೆನ್ನೆಗೆ ಒತ್ತಿಕೊಂಡಳು. ಅವರಲ್ಲಿ ಓಪಾ ಎಂದರೆ ಅಕ್ಕ, ಅಕಾ ಎಂದರೆ ಅಣ್ಣ. ನಾನು ಕಸ್ತೂರಿ-ಓಪಾ ಆದೆ. ಮಾಸ್ತರರನ್ನು ಮನೆಮಂದಿಯೆಲ್ಲ ಅಕಾ, ಅಕಾ ಎಂದು ಕರೆಯುವಾಗ ನಾನು ಸೆರಗು ಬಾಯಿಗೆ ಒತ್ತಿಕೊಳ್ಳುತ್ತಿದ್ದೆ.

ಅಂಗಳದಲ್ಲಿ ದ್ರಾಕ್ಷಿಯ ಚಪ್ಪರ, ಅದರ ಕೆಳಗೆ ಮಂಚದಷ್ಟು ಎತ್ತರದ ಕಟ್ಟೆ, ಅದರ ಮೇಲೆ ಎಲ್ಲರೂ ಸುತ್ತ ಕೂತು ಊಟ. ಗಂಡಸರು, ಹೆಂಗಸರು, ಅಡುಗೆ ಮಾಡಿದವಳು, ಎಲ್ಲರೂ ಒಟ್ಟಿಗೆ. ದುಂಡನೆಯ ದಪ್ಪ ರೊಟ್ಟಿಗೆ ಅಲ್ಲಿ ನೋನ್ ಎನ್ನುತ್ತಾರೆ, ಅದನ್ನು ಕೈಯಿಂದ ಮುರಿದು ಎಲ್ಲರ ಮುಂದೆ ಇಡುತ್ತಾರೆ. ಮಾವ್ಲುದಾ ಹಿಡಿಯಿಲ್ಲದ ಬಟ್ಟಲಿನಲ್ಲಿ ಚಹಾ ಸುರಿದಳು. ಎರಡು ಗುಟುಕು ಆಗುವಷ್ಟು ಮಾತ್ರ.

ಮಾಸ್ತರರಿಗೆ ಎಷ್ಟು ಖುಷಿಯಾಯಿತೆಂದರೆ ಊಟ ಬಿಟ್ಟು ಜೇಬಿನಿಂದ ಪೆನ್ಸಿಲ್ ತೆಗೆದರು. "ನೋಡಿದೇನು? ಇವರಿಗೂ ಗೊತ್ತೈತಿ. ಉಣ್ಣೂ ಮುಂದ ಎಷ್ಟ ಕಡಿಮಿ ಕುಡೀತಾರ ನೋಡು. ಇದನ್ನೂ ಪುಸ್ತಕದಾಗ ಹಾಕತೇನಿ."

ನನಗೆ ಮಾತ್ರ ಸಿಟ್ಟು ಬಂದಿತ್ತು. ನಮ್ಮಲ್ಲಿ ಬೀಗರಿಗೆ ಅರ್ಧ ಕಪ್ಪು ಚಹಾ ಕೊಟ್ಟರೆ ಆ ಮಾತು ಮೂರು ತಲೆಮಾರು ಓಡುತ್ತದೆ. ಬಸಿಯ ಮೇಲೆ ಚೆಲ್ಲುವಷ್ಟು ಇರಬೇಕು. ಬಾಯಿ ಒಣಗಿತ್ತು. ಚಹಾ ಅಂದರೆ ನೀರಲ್ಲವಲ್ಲ, ಮನೆಯವರು ಕೊಟ್ಟದ್ದನ್ನು ಬೇಡ ಎನ್ನಬಾರದಲ್ಲ ಎಂದು ಧೈರ್ಯ ಮಾಡಿ, ಬಟ್ಟಲು ಮುಂದೆ ಚಾಚಿ, ಅಂಚಿನವರೆಗೂ ಬೆರಳು ತೋರಿಸಿದೆ. ತುಂಬಿಸು.

ಮಾವ್ಲುದಾಳ ಮುಖ ಸಣ್ಣದಾಯಿತು. ಅವಳು ಬಟ್ಟಲು ತುಂಬಿಸಿದಳು, ಎದ್ದು ಒಳಗೆ ಹೋದಳು, ನನ್ನ ಶಾಲನ್ನೂ ಒಂದು ಬಟ್ಟೆಯಲ್ಲಿ ಕಟ್ಟಿದ ಎರಡು ನೋನನ್ನೂ ತಂದು ನನ್ನ ಪಕ್ಕದಲ್ಲಿಟ್ಟಳು. ಅವಳ ಕಣ್ಣಲ್ಲಿ ನೀರಿತ್ತು.

ನಿಲೂಫರ್ ನನ್ನ ಕಿವಿಯಲ್ಲಿ ಹೇಳಿದಳು. ಇಲ್ಲಿ ಸ್ವಲ್ಪ ಸ್ವಲ್ಪವೇ ಸುರಿಯುವುದು ಮರ್ಯಾದೆ. ಮತ್ತೆ ಮತ್ತೆ ಕೇಳಲಿ, ಮತ್ತೆ ಮತ್ತೆ ಸುರಿಯುವ ಭಾಗ್ಯ ನಮಗೆ ಸಿಗಲಿ, ಅತಿಥಿ ಇನ್ನಷ್ಟು ಹೊತ್ತು ಕೂರಲಿ ಎಂದು ಅದರ ಅರ್ಥ. ತುಂಬಿದ ಬಟ್ಟಲೆಂದರೆ ಇನ್ನು ಹೊರಡಬಹುದು ಎಂದು. ನಾನು ಬಂದ ಅರ್ಧ ತಾಸಿಗೇ ಹೋಗುತ್ತೇನೆ ಎಂದಿದ್ದೆ.

ನಾನು ಶಾಲು ಎತ್ತಿ ಕೆಳಗೆ ಹಾಕಿ ಅದರ ಮೇಲೆ ಕೂತುಬಿಟ್ಟೆ. ಮಾವ್ಲುದಾ ನಕ್ಕಳು. ಆ ಮಧ್ಯಾಹ್ನ ಅವಳು ಹದಿನೇಳು ಸಲ ಸುರಿದಳು, ನಾನು ಹದಿನೇಳು ಸಲ ಕುಡಿದೆ. ಮಾಸ್ತರರು ನೋಡುತ್ತಲೇ ಇದ್ದರು. "ಮನಿಯವ್ರು ಅಳತಾರ್ರಿ, ಏನ್ ಮಾಡಲಿ?" ಎಂದೆ. ಅವರು ಪೆನ್ಸಿಲ್ ಜೇಬಿಗೆ ಹಾಕಿಕೊಂಡರು. ನನಗೆ ಅಂಥ ಊಟ ಜನ್ಮದಲ್ಲಿ ಆಗಿರಲಿಲ್ಲ.

ನಾಲ್ಕನೆಯ ದಿನ, ಎಣ್ಣೆಯ ಅನ್ನ

ನಾಲ್ಕನೆಯ ದಿನ ನಮಗಾಗಿಯೇ ಮಾಂಸವಿಲ್ಲದೆ ಅವರ ಹಬ್ಬದ ಅನ್ನ ಮಾಡಿದರು. ದೊಡ್ಡ ಕಡಾಯಿಯಲ್ಲಿ ಹಳದಿ ಗಜ್ಜರಿ, ಕಡಲೆ, ದ್ರಾಕ್ಷಿ, ಇಡಿ ಇಡಿಯಾಗಿ ಬೆಳ್ಳುಳ್ಳಿ ಗಡ್ಡೆ. ಹತ್ತಿಕಾಳಿನ ಎಣ್ಣೆ ಎಷ್ಟಿತ್ತೆಂದರೆ ಅನ್ನ ಅದರಲ್ಲಿ ಮಿಂದು ಎದ್ದಂತಿತ್ತು. ಮಾಸ್ತರರಿಗೆ ಅದು ಬಹಳ ಹಿಡಿಸಿತು, ಮೂರು ಸಲ ಹಾಕಿಸಿಕೊಂಡರು. ಚಹಾ ಮುಟ್ಟಲಿಲ್ಲ. ಈ ಅನ್ನಕ್ಕೆ ಬಿಸಿ ಚಹಾ ಬೇಕೇ ಬೇಕು, ಇಲ್ಲದಿದ್ದರೆ ಎಣ್ಣೆ ಹೊಟ್ಟೆಯಲ್ಲಿ ಗಟ್ಟಿಯಾಗುತ್ತದೆ ಎಂದು ಮಾವ್ಲುದಾ ಹೇಳಿಸಿದಳು. ಇವರು ಕೈಮುಗಿದು ನಕ್ಕರು.

ಸರಿಯಾಗಿ ಒಂದು ತಾಸಿನ ಮೇಲೆ ಗಡಿಯಾರ ನೋಡಿಕೊಂಡು ಮೂಲೆಯ ಅಂಗಡಿಗೆ ಹೋಗಿ ನೀರಿನ ಬಾಟಲಿ ತಂದರು. ಸೋಡಾದ ನೀರು ಅದು. ಅಲ್ಲಿ ಎರಡೂ ಬಗೆಯ ಬಾಟಲಿ ಒಂದೇ ತರಹ ಕಾಣುತ್ತವೆ. ಹಿಮದಷ್ಟು ತಂಪು. ತಡೆದುಕೊಂಡಿದ್ದ ನೀರಡಿಕೆಯಲ್ಲಿ ಇಡೀ ಬಾಟಲಿ ಒಂದೇ ಉಸಿರಿಗೆ ಇಳಿಸಿದರು. ಸಂಜೆಯ ಹೊತ್ತಿಗೆ ಹೊಟ್ಟೆ ಮದ್ದಲೆಯಾಗಿತ್ತು. ಅಂಗಿಯ ಗುಂಡಿ ಬಿಚ್ಚಿ, ಕಟ್ಟೆಯ ಮೇಲೆ ಒಮ್ಮೆ ಎಡಕ್ಕೆ ಒಮ್ಮೆ ಬಲಕ್ಕೆ ಹೊರಳುತ್ತ, "ಅನ್ನದಾಗ ಏನೋ ಹಾಕ್ಯಾರ" ಎಂದರು.

ಮರುದಿನ ಬೆಳಿಗ್ಗೆ ಪಕ್ಕದ ಮನೆಯ ಡಾಕ್ಟರಮ್ಮ ಬಂದಳು. ಹೊಟ್ಟೆ ಒತ್ತಿ ನೋಡಿ, ಏನು ಉಂಡಿರಿ, ಏನು ಕುಡಿದಿರಿ, ಎಷ್ಟು ಹೊತ್ತಿಗೆ ಎಂದು ಕೇಳಿದಳು. ಎಲ್ಲ ಕೇಳಿ, ಒಂದು ವಾರ ಸಣ್ಣ ಸಣ್ಣ ಊಟ, ಪ್ರತಿ ಊಟದ ಜೊತೆ ಬಿಸಿ ಚಹಾ ಅಥವಾ ನೀರು, ಗುಟುಕು ಗುಟುಕಾಗಿ, ಎಂದಳು. ಸೋಡಾ ಬೇಡ, ಗಟಗಟ ಬೇಡ. ಮಾಸ್ತರರು ಮಲಗಿದಲ್ಲಿಂದಲೇ ಒಲೆಯ ಮಾತು ತೆಗೆದರು. ಹೊಟ್ಟೆ ಒಲೆಯಲ್ಲ ಎಂದಳು ಅವಳು. ತನಗೆ ಬೇಕಾದ ರಸವನ್ನು ಅದು ತಾನೇ ಮಾಡಿಕೊಳ್ಳುತ್ತದೆ, ಒಂದು ಲೋಟ ನೀರಿಗೆ ಅದೇನೂ ಆರಿಹೋಗುವುದಿಲ್ಲ, ನೀರು ತುತ್ತನ್ನು ಮೆತ್ತಗೆ ಮಾಡಿ ಮುಂದೆ ಕಳಿಸುತ್ತದೆ. ನಿಲೂಫರ್ ಒಂದೊಂದೇ ಮಾತನ್ನು ಹಿಂದಿಗೆ ದಾಟಿಸಿದಳು.

ಮಾಸ್ತರರು ಮೊಣಕೈಯೂರಿ ಎದ್ದು ಕೂತರು. "ಹಂಗಾರ ನಮ್ಮಾಕಿನ್ನ ನೋಡ್ರಿ" ಎಂದು ಹಿಂದಿಯಲ್ಲಿ ಹೇಳಲು ಹೋಗಿ ಕನ್ನಡದಲ್ಲೇ ಹೇಳಿ, ಆಮೇಲೆ ಹಿಂದಿಗೆ ತಿರುಗಿಸಿದರು. ಮೂವತ್ತೊಂದು ವರ್ಷ, ಒಂದು ಹನಿ ಇಲ್ಲ, ಒಂದು ಗುಳಿಗೆ ನುಂಗಿಲ್ಲ. ಇಲ್ಲಿ ಬಂದ ಮೇಲೆ ನಿಮ್ಮ ಒತ್ತಾಯಕ್ಕೆ ಕುಡಿದಳು, ಅಷ್ಟೇ.

ಡಾಕ್ಟರಮ್ಮ ನನ್ನ ಕಡೆ ತಿರುಗಿದಳು. ನಿಜವೇ?

ಇದಕ್ಕಿಂತ ಒಳ್ಳೆಯ ಹೊತ್ತು ಸಿಗುವುದಿಲ್ಲ ಎಂದು ನನಗೆ ಗೊತ್ತಿತ್ತು. ಆದರೆ ಅವರು ಬನಿಯನ್ನಿನಲ್ಲಿ, ಊದಿದ ಹೊಟ್ಟೆ ಹಿಡಿದುಕೊಂಡು, ಪರದೇಶದ ಹೆಂಗಸರ ನಡುವೆ ಕೂತಿದ್ದರು. ಅವರ ಕಡೆಗೆ ಇದ್ದದ್ದು ನಾನೊಬ್ಬಳೇ. ನಿಜ ಎಂದೆ.

ಹಾಗಾದರೆ ನೀವೊಂದು ಅಪರೂಪ, ನನ್ನ ವಿದ್ಯಾರ್ಥಿಗಳಿಗೆ ಹೇಳುತ್ತೇನೆ ಎಂದಳು ಡಾಕ್ಟರಮ್ಮ. ನಾಲ್ಕು ತಾಲ್ಲೂಕಿನಲ್ಲಿದ್ದ ಸುಳ್ಳು ಹಿಮಾಲಯ ದಾಟಿ ವೈದ್ಯಕೀಯ ಕಾಲೇಜಿಗೆ ಸೇರಿತು.

ಐದು, ಆರು, ಏಳು, ಎಂಟು

ಆ ಮಧ್ಯಾಹ್ನದ ಊಟಕ್ಕೆ ಕೂತಾಗ ನನ್ನ ಮುಂದೆ ಬಟ್ಟಲೇ ಇರಲಿಲ್ಲ. ಮಾವ್ಲುದಾ ಎದೆಯ ಮೇಲೆ ಕೈಯಿಟ್ಟು ಕ್ಷಮೆ ಕೇಳಿದಳು. ನನ್ನದು ಮೂವತ್ತೊಂದು ವರ್ಷದ ವ್ರತವೆಂದು ತಿಳಿಯದೆ, ಮೊದಲ ದಿನವೇ ಹದಿನೇಳು ಸಲ ಸುರಿದು ಅದನ್ನು ಮುರಿಸಿದೆನಲ್ಲ ಎಂದು ಅವಳಿಗೆ ಸಂಕಟ. ಇನ್ನು ತನ್ನ ಮನೆಯಲ್ಲಿ ಹಾಗಾಗದಂತೆ ನೋಡಿಕೊಳ್ಳುತ್ತೇನೆ ಎಂದಳು. ನೋಡಿಕೊಂಡಳು ಕೂಡ. ಊಟಕ್ಕೆ ಒಂದು ತಾಸು ಮೊದಲು ಹೂಜಿ ಎತ್ತಿಟ್ಟು, ಒಂದು ತಾಸಾದ ಮೇಲೆ ತಂದಿಡುತ್ತಿದ್ದಳು. ಅತ್ತೆಯ ಕಣ್ಣು ತಪ್ಪಿಸಬಹುದು, ಪ್ರೀತಿಯಿಂದ ಕಾಯುವವರ ಕಣ್ಣು ತಪ್ಪಿಸುವುದು ಆಗದ ಮಾತು.

ಮಾಸ್ತರರ ಮುಂದೆ ಮಾತ್ರ ಡಾಕ್ಟರಮ್ಮನ ಅಪ್ಪಣೆಯಂತೆ ಚಹಾದ ಕೆಟಲಿ. ಮೊದಲ ದಿನ ಔಷಧ ಕುಡಿಯುವವರಂತೆ ಮೂಗು ಮುರಿದು ಕುಡಿದರು. ಎರಡನೆಯ ದಿನ ಮೂಗು ನೆಟ್ಟಗಿತ್ತು. ಮೂರನೆಯ ದಿನ ಖಾಲಿ ಬಟ್ಟಲನ್ನು ತಾವೇ ಮುಂದೆ ಸರಿಸಿದರು. ಅವರ ಮುಖಕ್ಕೆ ಕಳೆ ಬಂತು, ತೇಗು ನಿಂತಿತು. "ಔಷಧ ಅಂದ ಮ್ಯಾಲ ಕುಡೀಬೇಕಲ್ಲ" ಎಂದು ನನಗೆ ಸಮಜಾಯಿಷಿ ಹೇಳಿದರು.

ನಾನು ಒಣ ನೋನ್ ಮುರಿದು, ಬೇಯಿಸಿದ ಕಡಲೆಯ ಜೊತೆ ಅಗಿದು ಅಗಿದು ನುಂಗುತ್ತಿದ್ದೆ. ಗಂಜಿ ಕಾಣದ ಹಾಸಿನ ನೂಲಿನಂತೆ ಒರಟಾಗಿತ್ತು ಗಂಟಲು. ಎಂಟನೆಯ ದಿನದ ಹೊತ್ತಿಗೆ ಜನ್ಮದಲ್ಲಿ ಮೊದಲ ಬಾರಿ ನನ್ನ ಹೊಟ್ಟೆ ಕಟ್ಟಿತು. ಹೇಳಲು ನಾಚಿಕೆ, ಆದರೂ ಹೇಳುತ್ತೇನೆ, ಮೂರು ದಿನ ನಾನು ಆ ಮನೆಯ ಪಾಯಖಾನೆಗೆ ಹೋಗಿ ಹೋಗಿ ಸುಮ್ಮನೆ ಬಂದೆ. ಅಷ್ಟರಲ್ಲಿ ನೀರಿಲ್ಲದೆ ಉಣ್ಣುವ ಹಿಂದೂಸ್ತಾನದ ಹೆಂಗಸನ್ನು ನೋಡಲು ಓಣಿಯ ಹೆಂಗಸರು ಬರತೊಡಗಿದ್ದರು. ಒಬ್ಬಳು ನನ್ನ ಕೈ ಮುಟ್ಟಿ ತನ್ನ ಹಣೆಗೆ ಹಚ್ಚಿಕೊಂಡಳು. ಕುರಿ ಹಳ್ಳಕ್ಕೆ ಬಿದ್ದರೆ ಆಳಿಗೊಂದು ಕಲ್ಲು ಅನ್ನುತ್ತಾರಲ್ಲ, ನನಗೆ ಆಳಿಗೊಂದು ನಮಸ್ಕಾರ ಬೀಳುತ್ತಿತ್ತು.

ಹೊರಡುವ ಹಿಂದಿನ ಮಧ್ಯಾಹ್ನ

ಕೊನೆಯ ಊಟಕ್ಕೆ ಸುತ್ತಲಿನ ನೇಕಾರರೆಲ್ಲ ಬಂದಿದ್ದರು. ಕಟ್ಟೆ ತುಂಬಿ, ಕೆಳಗೂ ಚಾಪೆ ಹಾಸಿದ್ದರು. ಎಲ್ಲರಿಗಿಂತ ಹಿರಿಯನಾದ, ಬಿಳಿ ಗಡ್ಡದ ಒಬ್ಬ ನೇಕಾರ ನನಗೆ ರೇಷ್ಮೆಯ ಒಂದು ತುಂಡು ಹೊದಿಸಿದ. ಮಾಸ್ತರರಿಗೂ ಏನಾದರೂ ಮಾತಾಡಿರಿ ಎಂದರು. ಮಾಸ್ತರರಿಗೆ ಅಷ್ಟು ಸಾಕಾಯಿತು. ಚೀಲದಿಂದ ಪ್ರೂಫ್ ತೆಗೆದು ಎದ್ದು ನಿಂತು, ಹನ್ನೊಂದನೆಯ ಪುಟ ಓದಿ ಹಿಂದಿಯಲ್ಲಿ ಬಿಡಿಸಿ ಹೇಳಿದರು. ಎಡಗೈಯಲ್ಲಿ ಚಹಾದ ಬಟ್ಟಲಿತ್ತು. ನಿಲೂಫರ್ ಅದನ್ನು ಅವರ ಭಾಷೆಗೆ ದಾಟಿಸಿದಳು. ಬಿಳಿ ಗಡ್ಡದ ಹಿರಿಯ ಎದ್ದು, ನನ್ನ ಕಡೆ ತಿರುಗಿ, ಎದೆಯ ಮೇಲೆ ಕೈಯಿಟ್ಟು ತಲೆ ಬಾಗಿಸಿದ.

ನನ್ನ ಬಾಯಲ್ಲಿ ಆಗ ನೋನಿನ ತುಂಡಿತ್ತು. ನನ್ನ ತಂದೆಯ ವಯಸ್ಸಿನವನು, ಎಪ್ಪತ್ತು ವರ್ಷ ಲಾಳಿ ಎಸೆದ ಕೈ, ನನ್ನ ಸುಳ್ಳಿಗೆ ಬಾಗುತ್ತಿದೆ. ತುಂಡು ಗಂಟಲಲ್ಲೇ ಸಿಕ್ಕಿಕೊಂಡಿತು. ಒಳಗೂ ಹೋಗಲಿಲ್ಲ, ಹೊರಗೂ ಬರಲಿಲ್ಲ. ಕೆಮ್ಮು ಬಂತು, ಕಣ್ಣು ಕತ್ತಲಾಯಿತು. ಕೈಗೆ ಸಿಕ್ಕಿದ್ದು ಮಾಸ್ತರರ ಎಡಗೈ. ಅದರಿಂದ ಬಟ್ಟಲು ಕಿತ್ತುಕೊಂಡು ಅವರ ಎಂಜಲು ಚಹಾ ಅಷ್ಟನ್ನೂ ಕುಡಿದೆ. ಸಾಲಲಿಲ್ಲ. ಕೆಟಲಿ ಎತ್ತಿ ಸುರಿದುಕೊಂಡು ಮತ್ತೊಂದು, ಮತ್ತೊಂದು ಕುಡಿದೆ. ಉಸಿರು ಬಂತು.

"ನಾ ದಿನಾ ಕುಡೀತೇನ್ರಿ" ಎಂದೆ.

ಮಾಸ್ತರರು ಹಾಳೆ ಹಿಡಿದುಕೊಂಡೇ ನಿಂತಿದ್ದರು. "ಏನ್ ಕುಡೀತೀ?"

"ನೀರು. ಉಣ್ಣೂ ಮುಂದ. ಲಗ್ನಾಗಿ ನಾಕನೇ ದಿನದಿಂದ."

"ದಿನಾ?"

"ಎರಡೂ ಹೊತ್ತು. ನೀವು ಹೊರಗ ಕಟ್ಟಿಗೆ ಹೋದ ಮ್ಯಾಲ."

"ಎಷ್ಟು?"

"ಒಂದು ಚರಗಿ. ಬ್ಯಾಸಗ್ಯಾಗ ಒಂದೂವರಿ."

ಅವರ ಕೈ ಜೇಬಿನ ಪೆನ್ಸಿಲ್ ತೆಗೆದು 'ಒಂದು ಚರಗಿ' ಎಂದು ಪ್ರೂಫಿನ ಅಂಚಿನಲ್ಲಿ ಬರೆಯಿತು. ನಲವತ್ತು ವರ್ಷ ಪಾಠ ಮಾಡಿದ ಕೈ, ಅಳತೆ ಕೇಳಿದರೆ ತಾನೇ ಬರೆಯುತ್ತದೆ. ಬರೆದದ್ದನ್ನು ನೋಡಿ ಪೆನ್ಸಿಲ್ ಕೆಳಗಿಟ್ಟರು. ಸುತ್ತಲಿದ್ದವರು ನಿಲೂಫರಳನ್ನು ಏನೆಂದು ಕೇಳುತ್ತಿದ್ದರು. ಅವಳಿಗೆ ಕನ್ನಡ ಬಾರದು, ಸುಳ್ಳು ಹೇಳಿದ್ದೆ, ದಿನಾ ಕುಡಿಯುತ್ತೇನೆ ಎಂದು ನಾನೇ ನನ್ನ ಬಸ್‌ಸ್ಟ್ಯಾಂಡಿನ ಹಿಂದಿಯಲ್ಲಿ ಎಲ್ಲರೆದುರು ಹೇಳಿದೆ. ಜೂಟ್ ಬೋಲಿ ಮೈ. ರೋಜ್ ಪೀತಿ. ಅದು ಅವರ ಭಾಷೆಗೆ ಹೋಗುತ್ತಿದ್ದಂತೆ ಮಾವ್ಲುದಾ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು, ಬಿಳಿ ಗಡ್ಡದ ಹಿರಿಯ ಮೊದಲು ನಕ್ಕ, ಆಮೇಲೆ ಇಡೀ ಅಂಗಳ ನಕ್ಕಿತು. ಮಾವ್ಲುದಾ ಓಡಿ ಬಂದು ನನ್ನ ಮುಂದೆ ಬಟ್ಟಲಿಟ್ಟಳು, ಎರಡು ಗುಟುಕು ಸುರಿದಳು.

ಮಾಸ್ತರರು ನಗಲಿಲ್ಲ. ಮಗ್ಗದ ಕೋಣೆಗೆ ಹೋಗಿ ಕೂತರು. ಸ್ವಲ್ಪ ಹೊತ್ತು ಬಿಟ್ಟು ನಾನೂ ಹೋದೆ. ಬೈಯುತ್ತಾರೆ ಎಂದು ಸಿದ್ಧಳಾಗಿಯೇ ಹೋದೆ.

"ಸಾಲ್ಯಾಗ ಹುಡುಗೂರಿಗೆ ನಾ ಏನ್ ಹೇಳತಿದ್ದೆ ಗೊತ್ತೇನು ನಿನಗ?" ಎಂದರು. "ಕಣ್ಣಿಲೆ ನೋಡಲಾರದ್ದನ್ನ ಬರೀಬ್ಯಾಡ್ರಿ ಅಂತ."

ನಾನು ಅವರ ಎದುರಿಗೆ ಕೂತೆ.

"ಮೂವತ್ತೊಂದು ವರ್ಷ ನೀ ಉಣ್ಣೂದನ್ನ ನಾ ಒಂದು ದಿನಾ ನೋಡಿಲ್ಲಲ್ಲ."

"ನೋಡಿದ್ರ ಬೈತಿದ್ರಿ."

"ಬೈತಿದ್ನಿ" ಎಂದರು. "ಖರೆ."

ನನಗೆ ಅಳು ಬಂದುಬಿಟ್ಟಿತು. ನೀರಿನ ಮಾತಿಗೆ ಅವರು ಏನೆನ್ನಬಹುದೆಂದು ನೂರು ತರಹ ಯೋಚಿಸಿದ್ದೆ, ಈ ತರಹ ಯೋಚಿಸಿರಲಿಲ್ಲ. ಅವರು ನನ್ನ ಕಣ್ಣೊರೆಸಲಿಲ್ಲ, ಅಂಥದ್ದೆಲ್ಲ ನಮಗೆ ಬರುವುದಿಲ್ಲ. ಹನ್ನೊಂದನೆಯ ಪುಟವನ್ನು ಮಾತ್ರ ನಿಧಾನಕ್ಕೆ ನಾಲ್ಕಾಗಿ ಮಡಿಸಿ ಜೇಬಿನಲ್ಲಿಟ್ಟುಕೊಂಡರು.

ಬನಹಟ್ಟಿ, ಬಂದ ಮರುದಿನ

ಬೆಳಿಗ್ಗೆ ಜಮಖಂಡಿಯಿಂದ ಅಚ್ಚಿನ ಮನೆಯವರ ಫೋನು ಬಂತು. "ನಿಲ್ಲಸ್ರಿ. ಒಂದು ಪುಟಾ ತಪ್ಪೈತಿ. ಅದು ತಪ್ಪಿದ್ರ ಉಳಿದದ್ದೂ ನೋಡಬೇಕಾಕ್ಕೈತಿ" ಎಂದು ಮಾಸ್ತರರು ಹೇಳುವುದು ಕೇಳಿಸಿತು.

ಮಧ್ಯಾಹ್ನ ನಾನು ರೊಟ್ಟಿ ಬಡಿಯುತ್ತಿದ್ದೆ. ಅವರು ಪಡಸಾಲೆಯಲ್ಲಿ ಕೂರುವ ಬದಲು ಅಡುಗೆಮನೆಗೇ ಬಂದು ನೆಲದ ಮೇಲೆ ಕೂತರು. ತಾಟು ಹಚ್ಚಿಕೊಟ್ಟೆ, ಮುಟ್ಟಲಿಲ್ಲ.

"ಸುರು ಮಾಡ್ರಿ, ರೊಟ್ಟಿ ಆರತಾವ."

"ಆರಲಿ. ನೀ ಬಡದು ಮುಗಸು."

ಹೊಟ್ಟೆ ಹಸಿದಿದ್ದು ಮುಖದಲ್ಲಿ ಕಾಣುತ್ತಿತ್ತು, ಆದರೂ ಕಾದರು. ಕೊನೆಯ ರೊಟ್ಟಿ ಇಳಿಸಿ, ಕೈತೊಳೆದು, ನನ್ನ ತಾಟು ಹಚ್ಚಿಕೊಂಡು ಎದುರಿಗೆ ಕೂತೆ. ಪಕ್ಕದಲ್ಲಿ ಚರಗಿ ಇಟ್ಟೆ. ಮುಚ್ಚಿಡಲಿಲ್ಲ, ಸರಿಸಲಿಲ್ಲ, ನಡುವೆಯೇ ಇಟ್ಟೆ. ಎರಡು ತುತ್ತು ಉಂಡು ಎತ್ತಿ ಕುಡಿಯಲು ಹೋದರೆ ಅವರು ಉಣ್ಣುವುದು ಬಿಟ್ಟು, ಪ್ರಯೋಗಶಾಲೆಯಲ್ಲಿ ಕೂತವರ ಹಾಗೆ ನನ್ನ ಗಂಟಲನ್ನೇ ನೋಡುತ್ತಿದ್ದರು. ನೀರು ಬಾಯಲ್ಲೇ ನಿಂತಿತು.

"ಹಿಂಗ ನೋಡಬ್ಯಾಡ್ರಿ. ಇಳಿಯೂದಿಲ್ಲ."

"ನಾ ಏನರೆ ಅಂದ್ನೇನು?"

"ಅಂದಿಲ್ಲ. ನೋಡಾಕತ್ತೀರಿ."

ಮಾಸ್ತರರು ತಾಟು ಎತ್ತಿಕೊಂಡು ಗೋಡೆಯ ಕಡೆಗೆ ಮುಖ ಮಾಡಿ ಕೂತರು. ನಾನು ಕುಡಿದೆ. ಇಬ್ಬರೂ ಒಂದೊಂದು ರೊಟ್ಟಿ ಉಂಡೆವು. ಆಮೇಲೆ ಅವರು ತಿರುಗಿ ನೋಡದೆ, ಎಡಗೈಯನ್ನು ಬೆನ್ನ ಹಿಂದಿನಿಂದ ನನ್ನ ಕಡೆ ಚಾಚಿದರು.

"ಶೇಂಗಾ ಚಟ್ನಿ ಗಂಟಲಾಗ ಕುಂತೈತಿ" ಎಂದರು. "ಆ ಚರಗಿ ಒಂದೀಟು ಇತ್ತ ಕೊಡು."